ಬೆಳಕು ಯಾರದು? ಟೋಲ್ಕಿನ್ ಅವರ ಸಿಲ್ಮರಿಲ್ ಮತ್ತು ಮಾಡಿದವನ ಹಕ್ಕು

ಟೋಲ್ಕಿನ್ ಎಂದ ಕೂಡಲೇ ನಮ್ಮಲ್ಲಿ ಹೆಚ್ಚಿನವರಿಗೆ ನೆನಪಾಗುವುದು ಒಂದು ಉಂಗುರ. ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಓದದವರಿಗೂ ಸಿನಿಮಾಗಳ ಮೂಲಕ ಆ ಉಂಗುರದ ಕಥೆ ಗೊತ್ತು. ಅದು ಕೆಡುಕಿನ ವಸ್ತು, ಕೆಡುಕಿಗಾಗಿಯೇ ಮಾಡಿದ್ದು, ಆದ್ದರಿಂದ ಅದನ್ನು ನಾಶ ಮಾಡಬೇಕು. ಅದೇ ಲೇಖಕರ ಇನ್ನೊಂದು ಪುಸ್ತಕದಲ್ಲಿ ಇದಕ್ಕೆ ತೀರ ಭಿನ್ನವಾದ ಮೂರು ವಸ್ತುಗಳಿವೆ. ಅವು ಸಿಲ್ಮರಿಲ್ ಎಂಬ ಹೆಸರಿನ ಹರಳುಗಳು. ಅವುಗಳಲ್ಲಿ ಕೆಡುಕಿನ ಲವಲೇಶವೂ ಇಲ್ಲ. ಅವುಗಳ ಒಳಗಿರುವುದು ಆ ಲೋಕದ ಅತ್ಯಂತ ಶುದ್ಧವಾದ ಬೆಳಕು. ಆದರೂ ಈ ಹರಳುಗಳಿಗಾಗಿ ಒಂದೇ ಕುಲದವರು ಮತ್ತೆ ಮತ್ತೆ ಒಬ್ಬರನ್ನೊಬ್ಬರು ಕೊಂದರು, ರಾಜ್ಯಗಳು ಹಾಳಾದವು, ಕೊನೆಗೆ ಒಂದು ಭೂಭಾಗವೇ ಕಡಲಿನಲ್ಲಿ ಮುಳುಗಿತು. ಕೆಟ್ಟ ವಸ್ತುವಿನಿಂದ ಕೆಟ್ಟದ್ದಾದರೆ ಆಶ್ಚರ್ಯಪಡುವಂಥದ್ದೇನಿಲ್ಲ. ಒಳ್ಳೆಯದೊಂದರ ಸುತ್ತ ಇಷ್ಟು ಕೇಡು ಹೇಗೆ ಬೆಳೆಯಿತು?

‘ದಿ ಸಿಲ್ಮರಿಲಿಯನ್’ ಪ್ರಕಟವಾದದ್ದು 1977ರಲ್ಲಿ, ಟೋಲ್ಕಿನ್ ತೀರಿಕೊಂಡ ನಾಲ್ಕು ವರ್ಷಗಳ ನಂತರ. ಅದರ ಬೇರು ಮಾತ್ರ ಮೊದಲ ಮಹಾಯುದ್ಧದ ಕಾಲದ್ದು. 1916ರಲ್ಲಿ ಸೊಮ್ ಕದನದಿಂದ ಜ್ವರ ಹಿಡಿದು ಇಂಗ್ಲೆಂಡಿಗೆ ಮರಳಿದ ಯುವ ಸೇನಾಧಿಕಾರಿ, ಚೇತರಿಸಿಕೊಳ್ಳುತ್ತಿದ್ದ ದಿನಗಳಲ್ಲಿ ಬರೆಯತೊಡಗಿದ ಕಥೆಗಳೇ ಮುಂದೆ ಬೆಳೆದು ಈ ಪುಸ್ತಕವಾದವು. ಅಂದರೆ ಇದು ಐವತ್ತಕ್ಕೂ ಹೆಚ್ಚು ವರ್ಷಗಳ ಕೆಲಸ. ಇದರ ನಡೆ ಕಾದಂಬರಿಯದಲ್ಲ; ಪುರಾಣದ್ದು, ವಂಶಾವಳಿಯದು. ಹೆಸರುಗಳ ಸಂತೆಯಲ್ಲಿ ದಾರಿ ತಪ್ಪಿ, ಐವತ್ತು ಪುಟ ದಾಟುವ ಮೊದಲೇ ಕೆಳಗಿಟ್ಟವರು ಬಹಳ. ನಾನೂ ಮೊದಲ ಸಲ ಹಾಗೆಯೇ ಕೆಳಗಿಟ್ಟೆ. ಎರಡನೆಯ ಓದಿನಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ್ದು ಒಂದು ಸಣ್ಣ ದೃಶ್ಯ. ಒಬ್ಬ ಕುಶಲಕರ್ಮಿ ತುಂಬಿದ ಸಭೆಯಲ್ಲಿ ‘ಕೊಡುವುದಿಲ್ಲ’ ಎನ್ನುತ್ತಾನೆ. ಅವನು ಕೊಡಲೊಲ್ಲದ ವಸ್ತು ಆ ಹೊತ್ತಿಗಾಗಲೇ ಅವನ ಬಳಿ ಇಲ್ಲ. ಆದರೆ ಅದು ಅವನಿಗೆ ಗೊತ್ತಿಲ್ಲ. ಈ ಲೇಖನ ಮುಖ್ಯವಾಗಿ ಆ ‘ಇಲ್ಲ’ದ ಬಗ್ಗೆ.

*

ಕಥೆಯ ಆ ಕಾಲದಲ್ಲಿ ಸೂರ್ಯನಿಲ್ಲ, ಚಂದ್ರನಿಲ್ಲ. ಕಡಲಿನಾಚೆ ಪಶ್ಚಿಮದಲ್ಲಿ ವಾಲಿನೋರ್ ಎಂಬ ನಾಡು. ಅಲ್ಲಿ ವಾಲಾರ್ ಎಂಬ ದೇವತೆಗಳಿದ್ದಾರೆ. ಅವರ ಕರೆಗೆ ಓಗೊಟ್ಟು ಬಂದ ಎಲ್ಫ್‌ಗಳೂ ಇದ್ದಾರೆ. ಬೆಳೆಯುವ ಎಲ್ಲದಕ್ಕೂ ತಾಯಿಯಂತಿರುವ ಯವನ್ನಾ ಎಂಬ ದೇವತೆ ಹಾಡಿ ಮೊಳೆಯಿಸಿದ ಎರಡು ಮರಗಳೇ ಆ ನಾಡಿಗೆ ಬೆಳಕು. ಟೆಲ್ಪೆರಿಯನ್‌ನದು ಬೆಳ್ಳಿಯ ಬೆಳಕು, ಲಾರೆಲಿನ್‌ನದು ಹೊನ್ನಿನ ಬೆಳಕು. ಒಂದು ಮಂಕಾಗುತ್ತಿದ್ದಂತೆ ಇನ್ನೊಂದು ಬೆಳಗುತ್ತದೆ. ನಡುವೆ ಎರಡೂ ಬೆರೆಯುವ ಒಂದು ಹೊತ್ತು.

ನೋಲ್ಡೋರ್ ಎಂಬ ಎಲ್ಫ್ ಕುಲದ ರಾಜ ಫಿನ್ವೆಯ ಮಗ ಫೆಯನೋರ್. ಅವನು ಲೋಹದಲ್ಲಿ, ರತ್ನದಲ್ಲಿ, ಭಾಷೆಯಲ್ಲಿ ಕೈಯಾಡಿಸಿದವನು. ಎಲ್ಫ್‌ಗಳ ಲಿಪಿಯನ್ನು ಪರಿಷ್ಕರಿಸಿ ಹೊಸ ಅಕ್ಷರಗಳನ್ನು ರೂಪಿಸಿದವನೂ ಅವನೇ. ಈ ಬೆಳಕನ್ನು ಎಂದೂ ಅಳಿಯದಂತೆ ಕಾಪಿಡುವುದು ಹೇಗೆ ಎಂದು ಯೋಚಿಸಿ, ತನ್ನೆಲ್ಲ ಕೌಶಲವನ್ನು ಸುರಿದು, ಗುಟ್ಟಾಗಿ ಅವನು ಮೂರು ಹರಳುಗಳನ್ನು ಮಾಡುತ್ತಾನೆ. ನೋಡಲು ವಜ್ರದಂತೆ, ಆದರೆ ವಜ್ರಕ್ಕಿಂತ ಗಟ್ಟಿ. ಅದು ಯಾವ ದ್ರವ್ಯ ಎಂಬುದು ಅವನೊಬ್ಬನಿಗೇ ಗೊತ್ತು. ಆ ಹರಳು ಒಳಗಿನ ಬೆಂಕಿಗೆ ಒಂದು ಮನೆ ಮಾತ್ರ. ದೇಹ ಮತ್ತು ಜೀವಕ್ಕೆ ಇರುವ ಸಂಬಂಧವೇ ಹರಳು ಮತ್ತು ಬೆಳಕಿಗೆ ಎಂದು ಟೋಲ್ಕಿನ್ ಹೋಲಿಸುತ್ತಾರೆ. ಈ ಹೋಲಿಕೆಯನ್ನು ನಾವು ಮರೆಯಬಾರದು. ದೇಹವನ್ನು ಕೊಟ್ಟವರು ಜೀವದ ಒಡೆಯರಾಗುವುದಿಲ್ಲ ಎಂಬುದು ತಂದೆತಾಯಿಯಾದ ಎಲ್ಲರೂ ಒಂದಲ್ಲ ಒಂದು ದಿನ ಕಲಿಯುವ ಪಾಠ. ಫೆಯನೋರ್ ಮಾಡಿದ್ದು ಹರಳಿನ ಒಡಲನ್ನು. ಒಳಗಿನ ಬೆಳಕು ಯವನ್ನಾಳ ಮರಗಳದ್ದು.

ಮುಂದೆ ವರ್ದಾ ಎಂಬ ದೇವತೆ ಆ ಹರಳುಗಳನ್ನು ಪವಿತ್ರಗೊಳಿಸುತ್ತಾಳೆ. ಮರ್ತ್ಯರ ಕೈ, ಮೈಲಿಗೆಯ ಕೈ, ಕೆಡುಕಿನ ಕೈ ಯಾವುದು ಮುಟ್ಟಿದರೂ ಸುಡುತ್ತದೆ. ಮೊದಮೊದಲು ಹಬ್ಬದ ದಿನಗಳಲ್ಲಿ ಫೆಯನೋರ್ ಅವನ್ನು ಹಣೆಯ ಮೇಲೆ ಧರಿಸಿ ಎಲ್ಲರಿಗೂ ಕಾಣಿಸುತ್ತಿದ್ದ. ಬರಬರುತ್ತ ತಂದೆಗೂ ತನ್ನ ಏಳು ಮಂದಿ ಗಂಡುಮಕ್ಕಳಿಗೂ ಬಿಟ್ಟರೆ ಬೇರೆಯವರ ಕಣ್ಣಿಗೆ ಬೀಳಿಸಲು ಅವನಿಗೆ ಮನಸ್ಸಾಗದು. ಒಳಗಿನ ಬೆಳಕು ತನ್ನದಲ್ಲ ಎಂಬುದನ್ನು ಅವನು ನೆನೆಯುವುದೂ ಅಪರೂಪವಾಯಿತು ಎಂದು ನಿರೂಪಕ ಒಂದು ಮಾತು ಹೇಳಿ ಮುಂದೆ ಹೋಗುತ್ತಾನೆ. ಇಡೀ ದುರಂತದ ಬೀಜ ಆ ಸಣ್ಣ ಮಾತಿನಲ್ಲಿದೆ. ಟೋಲ್ಕಿನ್ 1939ರಲ್ಲಿ ಸ್ಕಾಟ್ಲೆಂಡಿನ ಸೇಂಟ್ ಆಂಡ್ರೂಸ್‌ನಲ್ಲಿ ಅದ್ಭುತಕಥೆಗಳ ಬಗ್ಗೆ ಒಂದು ಉಪನ್ಯಾಸ ಕೊಟ್ಟರು. ನಾವು ಯಾವುದನ್ನು ನಮ್ಮದೆಂದು ಪೆಟ್ಟಿಗೆಗೆ ಹಾಕಿ ಬೀಗ ಜಡಿಯುತ್ತೇವೋ ಅದನ್ನು ನೋಡುವುದನ್ನೇ ನಿಲ್ಲಿಸಿಬಿಡುತ್ತೇವೆ, ಮತ್ತೆ ನೋಡುವಂತೆ ಮಾಡುವುದು ಅದ್ಭುತಕಥೆಯ ಒಂದು ಕೆಲಸ ಎಂಬುದು ಅಲ್ಲಿ ಅವರು ಬೆಳೆಸಿದ ಒಂದು ಮುಖ್ಯ ವಿಚಾರ. ಫೆಯನೋರ್‌ನ ಭಂಡಾರದ ಕತ್ತಲಲ್ಲಿ ಸಿಲ್ಮರಿಲ್ ತಾನೇ ತಾನಾಗಿ ಬೆಳಗುತ್ತಿತ್ತು, ನಿಜ. ನೋಡುವವರು ಮಾತ್ರ ಇರಲಿಲ್ಲ.

ಕನ್ನಡದ ಓದುಗರಿಗೆ ಇಲ್ಲಿ ಸ್ಯಮಂತಕ ಮಣಿ ನೆನಪಾಗದೆ ಇರದು. ಚೌತಿಯ ಚಂದ್ರನನ್ನು ನೋಡಿದ ದೋಷಕ್ಕೆ ಪರಿಹಾರವಾಗಿ ಆ ಕಥೆ ಕೇಳಿಸಿಕೊಂಡೇ ನಾವೆಲ್ಲ ಬೆಳೆದಿದ್ದೇವೆ. ಅದೂ ಬೆಳಕಿನ ಮಣಿಯೇ, ಸೂರ್ಯ ಸತ್ರಾಜಿತನಿಗೆ ಕೊಟ್ಟದ್ದು. ಅದನ್ನು ಧರಿಸಿ ಬೇಟೆಗೆ ಹೋದ ಪ್ರಸೇನ ಸಿಂಹದ ಬಾಯಿಗೆ, ಸಿಂಹ ಜಾಂಬವಂತನ ಕೈಗೆ, ಅಪವಾದ ಮಾತ್ರ ಕೃಷ್ಣನ ತಲೆಗೆ. ಮಣಿ ಯಾರ ಬಳಿ ಇದೆ, ಕದ್ದವರು ಯಾರು ಎಂಬ ಅನುಮಾನವೇ ಆ ಕಥೆಯನ್ನು ನಡೆಸುತ್ತದೆ. ಆದರೆ ಸ್ಯಮಂತಕವನ್ನು ಕುಲುಮೆಯ ಮುಂದೆ ಕುಳಿತು ಮಾಡಿದವರು ಆ ಕಥೆಯಲ್ಲಿ ಯಾರೂ ಇಲ್ಲ. ಇಟ್ಟುಕೊಂಡವರು, ಕಳೆದುಕೊಂಡವರು, ಹುಡುಕಿಕೊಟ್ಟವರು ಅಷ್ಟೇ. ಸಿಲ್ಮರಿಲ್ ಕಥೆಯಲ್ಲಿ ಮಾಡಿದವನು ಕಣ್ಣೆದುರಿಗಿದ್ದಾನೆ. ಹಾಗಾಗಿ ಅಲ್ಲಿ ಒಡೆತನದ ಪ್ರಶ್ನೆ ಇನ್ನಷ್ಟು ಬಿಗಿಯಾಗುತ್ತದೆ. ಕದ್ದವನಿಗೆ ಹಕ್ಕಿಲ್ಲ ಎನ್ನುವುದು ಸುಲಭ. ಮಾಡಿದವನಿಗೆ ಎಷ್ಟು ಹಕ್ಕಿದೆ?

*

ಈಗ ಆ ದೃಶ್ಯಕ್ಕೆ ಬರೋಣ. ಮೆಲ್ಕೋರ್ ಎಂಬ ಕೆಡುಕಿನ ದೇವತೆ ಉಂಗೋಲಿಯಂಟ್ ಎಂಬ ದೈತ್ಯ ಜೇಡದ ಜೊತೆ ಸೇರಿ ಹಬ್ಬದ ದಿನ ವಾಲಿನೋರ್‌ಗೆ ನುಗ್ಗುತ್ತಾನೆ. ಅವನು ಎರಡೂ ಮರಗಳನ್ನು ಈಟಿಯಿಂದ ಇರಿಯುತ್ತಾನೆ, ಅವಳು ಅವುಗಳ ಸತ್ವವನ್ನು ಹೀರಿ ವಿಷ ತುಂಬುತ್ತಾಳೆ. ಕತ್ತಲು ಕವಿಯುತ್ತದೆ. ಮರಗಳ ಬೆಳಕು ಉಳಿದಿರುವುದು ಇನ್ನು ಸಿಲ್ಮರಿಲ್‌ಗಳಲ್ಲಿ ಮಾತ್ರ. ಫೆಯನೋರ್ ಹಬ್ಬಕ್ಕೆ ಬಂದಿದ್ದಾನೆ. ಹರಳುಗಳನ್ನು ಮಾತ್ರ ಉತ್ತರದ ಫಾರ್ಮೆನೋಸ್ ಎಂಬ ತನ್ನ ಕೋಟೆಯಲ್ಲಿ ಬಿಟ್ಟುಬಂದಿದ್ದಾನೆ.

ಯವನ್ನಾ ಮರಗಳನ್ನು ಮುಟ್ಟಿ ನೋಡಿ ಸಭೆಗೆ ಹೇಳುವುದಿಷ್ಟು: ಎಂಥ ಶಕ್ತರಿಗೂ ಒಮ್ಮೆ ಮಾತ್ರ ಮಾಡಲಾಗುವ ಕೆಲಸವೊಂದಿರುತ್ತದೆ, ಈ ಮರಗಳನ್ನು ಮತ್ತೆ ಸೃಷ್ಟಿಸಲು ತನ್ನಿಂದಾಗದು, ಸಿಲ್ಮರಿಲ್‌ಗಳನ್ನು ಒಡೆದು ಅವುಗಳ ಬೆಳಕನ್ನು ಕೊಟ್ಟರೆ, ಬೇರು ಕೊಳೆಯುವ ಮೊದಲು ಮರಗಳನ್ನು ಉಳಿಸಬಹುದು. ಎಲ್ಲರ ಕಣ್ಣೂ ಫೆಯನೋರ್‌ನ ಮೇಲೆ. ಟುಲ್ಕಾಸ್ ಎಂಬ ಮುಂಗೋಪದ ದೇವತೆ ‘ಹೌದೋ ಅಲ್ಲವೋ, ಬೇಗ ಹೇಳು’ ಎಂದು ಒತ್ತಾಯಿಸುತ್ತಾನೆ. ಆಗ ದೇವತೆಗಳಲ್ಲಿ ಕಮ್ಮಾರನಾದ ಔಲೆ ಅವನನ್ನು ತಡೆಯುತ್ತಾನೆ: ನಾವು ಕೇಳುತ್ತಿರುವುದು ನೀನು ತಿಳಿದಿರುವುದಕ್ಕಿಂತ ದೊಡ್ಡದು, ಅವನಿಗೆ ಸ್ವಲ್ಪ ಹೊತ್ತು ಕೊಡು. ಕೈಕೆಲಸದ ಕಷ್ಟ ಗೊತ್ತಿರುವವನ ಮಾತು ಇದು.

ಫೆಯನೋರ್ ಯೋಚಿಸಿ ಕೊಟ್ಟ ಉತ್ತರ ಯವನ್ನಾಳ ಮಾತಿನ ಪ್ರತಿಧ್ವನಿಯಂತಿದೆ. ದೊಡ್ಡವರಿಗೆ ಹೇಗೋ ಚಿಕ್ಕವರಿಗೂ ಹಾಗೆಯೇ, ಒಮ್ಮೆ ಮಾತ್ರ ಮಾಡಲಾಗುವ ಕೆಲಸವಿರುತ್ತದೆ; ಅದರಲ್ಲೇ ಅವರ ಹೃದಯ ನೆಲೆಸಿರುತ್ತದೆ; ಹರಳನ್ನು ಒಡೆದರೆ ತನ್ನ ಹೃದಯವೂ ಒಡೆಯುತ್ತದೆ. ಸ್ವಂತ ಇಚ್ಛೆಯಿಂದ ಕೊಡಲಾರೆ, ಬಲವಂತ ಮಾಡಿದರೆ ನೀವೂ ಮೆಲ್ಕೋರ್‌ನ ಬಳಗದವರೇ ಎಂದುಕೊಳ್ಳುತ್ತೇನೆ ಎನ್ನುತ್ತಾನೆ. ದೇವತೆಗಳು ಬಲವಂತ ಮಾಡುವುದಿಲ್ಲ. ಸ್ವಲ್ಪ ಹೊತ್ತಿಗೆ ಫಾರ್ಮೆನೋಸ್‌ನಿಂದ ದೂತರು ಓಡಿಬರುತ್ತಾರೆ. ಮೆಲ್ಕೋರ್ ರಾಜ ಫಿನ್ವೆಯನ್ನು ಕೊಂದು ಸಿಲ್ಮರಿಲ್‌ಗಳನ್ನು ಕದ್ದೊಯ್ದಿದ್ದಾನೆ.

ಇಲ್ಲಿ ನಿರೂಪಕ ಒಂದು ಕ್ಷಣ ಕಥೆ ನಿಲ್ಲಿಸಿ ಒಂದು ಮಾತು ಸೇರಿಸುತ್ತಾನೆ. ಹರಳುಗಳು ಆಗಲೇ ಹೋಗಿದ್ದರಿಂದ ಫೆಯನೋರ್ ಹೌದೆಂದಿದ್ದರೂ ಅಲ್ಲವೆಂದಿದ್ದರೂ ಮರಗಳ ಮಟ್ಟಿಗೆ ಒಂದೇ. ಆದರೆ ಸುದ್ದಿ ಬರುವ ಮೊದಲು ಅವನು ಹೌದೆಂದಿದ್ದರೆ, ಮುಂದೆ ಅವನು ಮಾಡಿದ್ದೆಲ್ಲ ಬೇರೆಯದೇ ಆಗಬಹುದಿತ್ತು. ನನ್ನ ಓದಿನಲ್ಲಿ ಪುಸ್ತಕದ ನಡುಗಂಬ ಇದು. ಟೋಲ್ಕಿನ್ ಕೊಡುವುದರ ಫಲವನ್ನೂ ಕೊಡುವ ಮನಸ್ಸನ್ನೂ ಬೇಕೆಂದೇ ಬೇರೆ ಮಾಡಿ ತೋರಿಸುತ್ತಿದ್ದಾರೆ. ಫೆಯನೋರ್ ಒಪ್ಪಿದ್ದರೆ ಯಾರಿಗೂ ಏನೂ ಸಿಗುತ್ತಿರಲಿಲ್ಲ. ಆದರೆ ಕಳೆದುಹೋದದ್ದನ್ನು ಅವನು ಆಗಲೇ ಕೊಟ್ಟುಬಿಟ್ಟಿರುತ್ತಿದ್ದ. ಕೊಟ್ಟದ್ದನ್ನು ಕದ್ದವನ ಬೆನ್ನು ಹತ್ತುವವನಿಗೂ ‘ನನ್ನದು’ ಎಂದು ಹಿಡಿದದ್ದನ್ನು ಕದ್ದವನ ಬೆನ್ನು ಹತ್ತುವವನಿಗೂ ವ್ಯತ್ಯಾಸವಿದೆ. ಮೊದಲನೆಯವನು ನ್ಯಾಯ ಕೇಳುತ್ತಾನೆ. ಎರಡನೆಯವನಿಗೆ ದಾರಿಯಲ್ಲಿ ಅಡ್ಡ ಬಂದವರೆಲ್ಲ ಕಳ್ಳರಾಗಿಯೇ ಕಾಣುತ್ತಾರೆ.

*

ಫೆಯನೋರ್‌ನನ್ನು ದುರಾಸೆಯವನು, ಅಹಂಕಾರಿ ಎಂದು ಬದಿಗಿಟ್ಟರೆ ಓದು ಸುಲಭವಾಗುತ್ತದೆ, ಬಡವೂ ಆಗುತ್ತದೆ. ಅವನ ವಾದದಲ್ಲಿ ಬಲವಿದೆ. ಕೇಳುತ್ತಿರುವವರು ದೇವತೆಗಳು, ಮರಗಳನ್ನು ಕಾಯಬೇಕಾಗಿದ್ದವರು, ಮೆಲ್ಕೋರ್‌ನನ್ನು ಸೆರೆಯಿಂದ ಬಿಟ್ಟವರು ಅವರೇ. ಅವರ ತಪ್ಪಿಗೆ ಬೆಲೆ ತೆರಬೇಕಾದವನು ಒಬ್ಬ ಕುಶಲಕರ್ಮಿ. ಅಧಿಕಾರದಲ್ಲಿರುವವರು ಎಲ್ಲರ ಒಳಿತಿಗಾಗಿ ಎಂದು ಹೇಳಿ ಕೆಲಸಗಾರನ ಕೈಯಿಂದ ಅವನ ಜೀವಮಾನದ ಕೆಲಸವನ್ನು ಕೇಳುವುದು ಯಾವ ಕಾಲಕ್ಕೂ ಹೊಸದಲ್ಲ. ತುಂಬಿದ ಸಭೆಯಲ್ಲಿ, ಬೇಗ ಹೇಳು ಎಂಬ ಒತ್ತಡದಲ್ಲಿ ಕೇಳಿದ್ದು ಎಷ್ಟರ ಮಟ್ಟಿಗೆ ‘ಕೇಳುವುದು’, ಎಷ್ಟರ ಮಟ್ಟಿಗೆ ಕಿತ್ತುಕೊಳ್ಳುವುದು? ಔಲೆಯ ಮಾತಿನಿಂದ ಈ ಅನುಮಾನ ಟೋಲ್ಕಿನ್‌ಗೂ ಇತ್ತೆಂದು ತೋರುತ್ತದೆ. ಆದರೆ ಪುಸ್ತಕ ಅದನ್ನು ಹೆಚ್ಚು ದೂರ ಬೆಳೆಸುವುದಿಲ್ಲ. ದೇವತೆಗಳ ಹೊಣೆಗಾರಿಕೆಯ ಪ್ರಶ್ನೆಯನ್ನು ಫೆಯನೋರ್‌ನ ಬಾಯಲ್ಲಿ, ಅದೂ ಕೋಪದ ಭಾಷೆಯಲ್ಲಿ ಇಟ್ಟು, ಕೋಪವನ್ನು ತಳ್ಳಿಹಾಕುವಾಗ ಪ್ರಶ್ನೆಯನ್ನೂ ಅರ್ಧ ತಳ್ಳಿಹಾಕುತ್ತದೆ. ಇದು ಈ ಕೃತಿಯ ಒಂದು ಮಿತಿ ಎಂದೇ ನನಗನಿಸುತ್ತದೆ.

ಹಾಗಿದ್ದರೂ ಫೆಯನೋರ್‌ನ ವಾದವನ್ನು ಟೋಲ್ಕಿನ್ ಹೊರಗಿನಿಂದ ಖಂಡಿಸುವುದಿಲ್ಲ. ಅದೇ ವಾದವನ್ನು ಇನ್ನೊಬ್ಬರ ಬಾಯಲ್ಲಿ ಇಟ್ಟು ಅವನ ಮುಂದೆಯೇ ಹಿಡಿಯುತ್ತಾರೆ. ತಂದೆಯ ಸಾವಿಗೆ ಸೇಡು ತೀರಿಸಲು, ಹರಳುಗಳನ್ನು ಮರಳಿ ಪಡೆಯಲು ಫೆಯನೋರ್ ಮತ್ತು ಅವನ ಏಳು ಮಕ್ಕಳು ಭಯಂಕರ ಪ್ರತಿಜ್ಞೆ ಮಾಡುತ್ತಾರೆ: ಸಿಲ್ಮರಿಲ್ ಅನ್ನು ಇಟ್ಟುಕೊಳ್ಳುವವರು ದೇವತೆಯಾಗಲಿ, ಎಲ್ಫ್ ಆಗಲಿ, ಇನ್ನೂ ಹುಟ್ಟದ ಮನುಷ್ಯನಾಗಲಿ, ಬಿಡುವುದಿಲ್ಲ. ಕಡಲು ದಾಟಲು ಹಡಗು ಬೇಕು. ಆಲ್ಕ್ವಲೊಂಡೆ ಎಂಬ ಬಂದರಿನಲ್ಲಿ ಟೆಲೆರಿ ಕುಲದ ಎಲ್ಫ್‌ಗಳ ಬಿಳಿಯ ಹಡಗುಗಳಿವೆ. ಫೆಯನೋರ್ ಕೇಳುತ್ತಾನೆ. ಅವರ ರಾಜ ಓಲ್ವೆ ಕೊಡುವುದಿಲ್ಲ. ನಿಮಗೆ ರತ್ನಗಳು ಹೇಗೋ ನಮಗೆ ಈ ಹಡಗುಗಳು ಹಾಗೆ, ನಮ್ಮ ಹೃದಯದ ಕೆಲಸ, ಇಂಥದ್ದನ್ನು ನಾವು ಮತ್ತೆ ಕಟ್ಟಲಾರೆವು ಎಂಬುದು ಅವನು ಕೊಡುವ ಕಾರಣ.

ಕೆಲವೇ ಪುಟಗಳ ಹಿಂದೆ ಫೆಯನೋರ್ ಆಡಿದ ಮಾತು ಇದೇ. ತನ್ನ ಮಾತನ್ನು ಇನ್ನೊಬ್ಬರ ಬಾಯಿಂದ ಕೇಳಿದಾಗ ಅವನಿಗೆ ಅದು ಗುರುತಾಗುವುದಿಲ್ಲ. ಕತ್ತಿ ಹಿಡಿದು ಹಡಗುಗಳನ್ನು ಕಸಿದುಕೊಳ್ಳುತ್ತಾನೆ. ಎಲ್ಫ್ ಎಲ್ಫನನ್ನು ಕೊಂದ ಮೊದಲ ಹತ್ಯಾಕಾಂಡ ಅಲ್ಲಿ ನಡೆಯುತ್ತದೆ. ಕಡಲು ದಾಟಿದ ಮೇಲೆ, ಹಿಂದೆ ಉಳಿದ ತನ್ನ ಮಲತಮ್ಮನ ಬಳಗವನ್ನು ಕರೆತರಲು ಹಡಗುಗಳನ್ನು ಮರಳಿ ಕಳಿಸುವ ಬದಲು ಅವಕ್ಕೆ ಬೆಂಕಿ ಇಡುತ್ತಾನೆ. ಮತ್ತೆ ಮಾಡಲಾಗದ ಕೆಲಸವನ್ನು ಒಡೆಯಲಾರೆ ಎಂದವನೇ ಇನ್ನೊಬ್ಬರ ಮತ್ತೆ ಮಾಡಲಾಗದ ಕೆಲಸವನ್ನು ಸುಟ್ಟುಹಾಕುತ್ತಾನೆ. ಟೋಲ್ಕಿನ್ ಇಲ್ಲಿ ಒಂದು ಮಾತನ್ನೂ ಒತ್ತಿ ಹೇಳುವುದಿಲ್ಲ. ಓದುಗ ಹಿಂದಿನ ಪುಟಕ್ಕೆ ಹೋಗಿ ತಾನೇ ಹೊಂದಿಸಿಕೊಳ್ಳಬೇಕು.

ಇನ್ನೊಂದು ಪ್ರತಿಧ್ವನಿ ಕಥೆಯಲ್ಲಿ ಇದಕ್ಕೂ ಮೊದಲೇ ಇದೆ. ಫೆಯನೋರ್‌ನ ತಾಯಿ ಮೀರಿಯೆಲ್ ಅವನನ್ನು ಹೆತ್ತು ಸೊರಗಿಹೋದವಳು. ಅನೇಕ ಮಕ್ಕಳಿಗೆ ಆಗಬೇಕಿದ್ದ ಶಕ್ತಿಯೆಲ್ಲ ಇವನೊಬ್ಬನಿಗೇ ಹೋಯಿತು, ಇನ್ನು ತಾನು ಹೆರಲಾರೆ ಎಂದು ಮಗುವಿಗೆ ಹೆಸರಿಟ್ಟು ಜೀವ ಬಿಡುತ್ತಾಳೆ. ಅಂದರೆ ಫೆಯನೋರ್ ತಾನೇ ಒಮ್ಮೆ ಮಾತ್ರ ಆಗುವ ಸೃಷ್ಟಿ. ತಾಯಿ, ಯವನ್ನಾ, ಫೆಯನೋರ್, ಓಲ್ವೆ, ಹೀಗೆ ಒಂದೇ ಮಾತು ನಾಲ್ಕು ಬಾಯಿಗಳಲ್ಲಿ ಬರುತ್ತದೆ. ನಾಲ್ವರದೂ ನಿಜವೇ. ಇನ್ನೊಬ್ಬರೂ ಅದನ್ನೇ ಹೇಳಬಲ್ಲರು ಎಂಬುದು ಹೊಳೆಯದೆ ಹೋದದ್ದು ಫೆಯನೋರ್ ಒಬ್ಬನಿಗೆ.

*

ಮಾಡಿದವನು ತನ್ನ ಕೆಲಸವನ್ನು ಬಿಟ್ಟುಕೊಡುವುದು ಸಾಧ್ಯವೇ? ಸಾಧ್ಯ ಎಂಬುದಕ್ಕೆ ಪುಸ್ತಕದ ಆರಂಭದಲ್ಲೇ ಒಂದು ಉದಾಹರಣೆಯಿದೆ. ಔಲೆಗೆ ಕಲಿಸಲು ಶಿಷ್ಯರು ಬೇಕೆಂಬ ಆಸೆ. ಪರಮದೇವನಾದ ಇಲೂವತಾರ್‌ನ ಮಕ್ಕಳು, ಅಂದರೆ ಎಲ್ಫ್‌ಗಳು ಮತ್ತು ಮನುಷ್ಯರು, ಹುಟ್ಟುವವರೆಗೆ ಕಾಯಲಾರದೆ ಗುಟ್ಟಾಗಿ ನೆಲದಡಿಯಲ್ಲಿ ಡ್ವಾರ್ಫ್‌ಗಳೆಂಬ ಕುಳ್ಳ ಜನರನ್ನು ಅವನು ಮಾಡುತ್ತಾನೆ. ಇಲೂವತಾರ್ ಅದನ್ನು ಪ್ರಶ್ನಿಸಿದಾಗ ಔಲೆ ಸಮರ್ಥಿಸಿಕೊಳ್ಳುವುದಿಲ್ಲ. ಮಗು ತಂದೆಯನ್ನು ನೋಡಿ ಆಟಕ್ಕೆ ಅನುಕರಿಸಿದಂತೆ ಮಾಡಿದೆ, ಇವು ನಿನ್ನವೇ, ನೀನು ಏನು ಬೇಕಾದರೂ ಮಾಡು ಎಂದು, ಅಳುತ್ತಲೇ ಅವುಗಳನ್ನು ಒಡೆಯಲು ಸುತ್ತಿಗೆ ಎತ್ತುತ್ತಾನೆ. ಸುತ್ತಿಗೆಗೆ ಹೆದರಿ ಆ ಜೀವಗಳು ಮುದುಡುತ್ತವೆ. ಇಲೂವತಾರ್ ಅವನ ಕೈ ತಡೆಯುತ್ತಾನೆ: ಅವು ಹೆದರುತ್ತಿವೆ ಎಂದರೆ ಅವಕ್ಕೆ ಆಗಲೇ ಸ್ವಂತ ಜೀವ ಬಂದಿದೆ.

ಔಲೆ ಮತ್ತು ಫೆಯನೋರ್ ಇಬ್ಬರೂ ಕಮ್ಮಾರರು, ಇಬ್ಬರೂ ಗುಟ್ಟಾಗಿ ಮಾಡಿದವರು, ಇಬ್ಬರಿಗೂ ಮಾಡಿದ್ದರ ಮೇಲೆ ಅಪಾರ ಪ್ರೀತಿ. ಒಬ್ಬನು ಕೊಟ್ಟ, ಅವನ ಕೆಲಸ ಉಳಿಯಿತು. ಇನ್ನೊಬ್ಬನು ಕೊಡಲಿಲ್ಲ, ಕೆಲಸವೂ ಕೈಬಿಟ್ಟಿತು. ಇದನ್ನು ನೀತಿಪಾಠವಾಗಿ ಓದುವ ಅಪಾಯವಿದೆ, ಕೊಟ್ಟರೆ ಮರಳಿ ಸಿಗುತ್ತದೆ ಎಂಬಂತೆ. ಆದರೆ ಸುತ್ತಿಗೆ ಎತ್ತುವಾಗ ಔಲೆಗೆ ಮುಂದಾಗುವುದು ಗೊತ್ತಿರಲಿಲ್ಲ. ಗೊತ್ತಿದ್ದರೆ ಅದು ಕೊಡುವುದಾಗುತ್ತಿರಲಿಲ್ಲ, ವ್ಯಾಪಾರವಾಗುತ್ತಿತ್ತು. 1951ರ ಸುಮಾರಿಗೆ ಪ್ರಕಾಶಕ ಮಿತ್ರ ಮಿಲ್ಟನ್ ವಾಲ್ಡ್‌ಮನ್ ಅವರಿಗೆ ಬರೆದ ದೀರ್ಘ ಪತ್ರದಲ್ಲಿ ಟೋಲ್ಕಿನ್ ಈ ವಿಷಯವನ್ನು ನೇರವಾಗಿ ಮುಟ್ಟುತ್ತಾರೆ. ಸೃಷ್ಟಿಸುವ ಆಸೆ ತನ್ನಷ್ಟಕ್ಕೆ ತಪ್ಪಲ್ಲ. ಮಾಡಿದವನು ಮಾಡಿದ್ದಕ್ಕೆ ಅಂಟಿಕೊಂಡು, ತನ್ನ ಪುಟ್ಟ ಲೋಕಕ್ಕೆ ತಾನೇ ದೇವರಾಗಲು ಹೊರಟಾಗ ಪತನ ಶುರುವಾಗುತ್ತದೆ ಎಂಬುದು ಅವರ ವಿವರಣೆ.

*

ಫೆಯನೋರ್ ಬೇಗ ಸಾಯುತ್ತಾನೆ. ಹರಳನ್ನು ಅವನು ಮತ್ತೆ ನೋಡುವುದೇ ಇಲ್ಲ. ಮುಂದಿನದು ‘ನನ್ನದು’ ಎಂಬ ಮಾತು ಕೈಯಿಂದ ಕೈಗೆ ದಾಟುವ ಕಥೆ. ಮೋರ್ಗೋತ್ ಎಂಬ ಹೆಸರು ಪಡೆದ ಮೆಲ್ಕೋರ್ ಹರಳುಗಳನ್ನು ಕಬ್ಬಿಣದ ಕಿರೀಟದಲ್ಲಿ ಕೂರಿಸಿಕೊಳ್ಳುತ್ತಾನೆ. ಅವನ ಕೈ ಸುಟ್ಟು ಕಪ್ಪಾಗಿದೆ, ನೋವು ಎಂದೂ ಹೋಗುವುದಿಲ್ಲ, ಕಿರೀಟದ ಭಾರವೂ ತಪ್ಪುವುದಿಲ್ಲ, ಆದರೂ ತೆಗೆದಿಡುವುದಿಲ್ಲ. ಎಲ್ಫ್ ರಾಜ ಥಿಂಗೋಲ್ ತನ್ನ ಮಗಳು ಲೂಥಿಯೆನ್‌ಳನ್ನು ಬಯಸಿದ ಬೆರೆನ್ ಎಂಬ ಮನುಷ್ಯನನ್ನು ತೊಲಗಿಸಲೆಂದು, ಒಂದು ಸಿಲ್ಮರಿಲ್ ತಂದುಕೊಡು ಎನ್ನುತ್ತಾನೆ. ಲೂಥಿಯೆನ್ ಹಾಡಿ ಮೋರ್ಗೋತ್‌ನನ್ನು ನಿದ್ದೆಗೆ ಕೆಡವುತ್ತಾಳೆ. ಬೆರೆನ್ ಚಾಕುವಿನಿಂದ ಒಂದು ಹರಳನ್ನು ಬಿಡಿಸಿಕೊಳ್ಳುತ್ತಾನೆ. ಮರ್ತ್ಯನ ಕೈಯಾದರೂ ಅದು ಸುಡುವುದಿಲ್ಲ. ಆ ಕ್ಷಣದಲ್ಲಿ ಅವನಿಗೆ ಮೂರನ್ನೂ ಒಯ್ದರೆ ಹೇಗೆ ಎನಿಸುತ್ತದೆ. ಎರಡನೆಯದಕ್ಕೆ ಚಾಕು ತಾಗಿಸಿದ ಕೂಡಲೇ ಅದು ಮುರಿದು, ಚೂರು ಸಿಡಿದು ಮೋರ್ಗೋತ್‌ನ ಕೆನ್ನೆಗೆ ತಾಗುತ್ತದೆ. ಪ್ರೀತಿಗಾಗಿ ಬಂದವನೂ ಒಂದು ಗಳಿಗೆ ಲೆಕ್ಕ ಹಾಕುವವನಾಗುತ್ತಾನೆ.

ಆ ಹರಳು ಕೊನೆಗೆ ಥಿಂಗೋಲ್‌ಗೆ ಸಿಗುತ್ತದೆ. ಅದನ್ನು ಡ್ವಾರ್ಫ್‌ಗಳು ಹಿಂದೆ ಮಾಡಿದ್ದ ನೌಗ್ಲಾಮೀರ್ ಎಂಬ ಹಾರದಲ್ಲಿ ಕೂರಿಸಲು ಅವನು ಡ್ವಾರ್ಫ್ ಅಕ್ಕಸಾಲಿಗಳನ್ನೇ ಕರೆಸುತ್ತಾನೆ. ಕೆಲಸ ಮುಗಿದ ಮೇಲೆ ಅವರು ಹಾರವನ್ನು ಕೊಡುವುದಿಲ್ಲ: ಇದು ನಮ್ಮ ಹಿರಿಯರು ಮಾಡಿದ್ದು, ನಿನಗೇನು ಹಕ್ಕು? ಮಾಡಿದವರ ಹಕ್ಕಿನ ವಾದ ಮತ್ತೆ ಬಂತು, ಈ ಸಲ ಮಾಡಿದವರ ವಂಶದವರಿಂದ. ಮಾತಿಗೆ ಮಾತು ಬೆಳೆದು ಥಿಂಗೋಲ್ ಕೊಲೆಯಾಗುತ್ತಾನೆ. ಫೆಯನೋರ್‌ನ ಮಕ್ಕಳು ಪ್ರತಿಜ್ಞೆಯ ಬೆನ್ನು ಹತ್ತಿ ಆ ಒಂದು ಹರಳಿಗಾಗಿ ಮತ್ತೆರಡು ಸಲ ಎಲ್ಫ್‌ಗಳ ಮೇಲೆಯೇ ದಾಳಿ ಮಾಡುತ್ತಾರೆ. ಏಳು ಮಂದಿಯಲ್ಲಿ ಉಳಿದವರು ಇಬ್ಬರು, ಮೈದ್ರೋಸ್ ಮತ್ತು ಮ್ಯಾಗ್ಲೋರ್.

ಮಹಾಯುದ್ಧದಲ್ಲಿ ಮೋರ್ಗೋತ್ ಸೋತ ಮೇಲೆ ಉಳಿದೆರಡು ಹರಳುಗಳು ದೇವತೆಗಳ ದೂತ ಎಯೋನ್ವೆಯ ವಶವಾಗುತ್ತವೆ. ಅಣ್ಣತಮ್ಮಂದಿರು ತಂದೆಯ ಕೆಲಸ ತಮ್ಮದೆಂದು ಕೇಳುತ್ತಾರೆ. ಎಯೋನ್ವೆಯ ತೀರ್ಪು ಗಮನಿಸಬೇಕಾದದ್ದು. ಆ ಹಕ್ಕು ಮೊದಲಿಗೆ ಇತ್ತೆಂಬುದನ್ನು ಅವನು ಅಲ್ಲಗಳೆಯುವುದಿಲ್ಲ. ಅದಕ್ಕಾಗಿ ಮಾಡಿದ ಕೃತ್ಯಗಳಿಂದ ಅದು ಈಗ ಅಳಿದುಹೋಗಿದೆ ಎನ್ನುತ್ತಾನೆ. ಮ್ಯಾಗ್ಲೋರ್‌ಗೆ ಶರಣಾಗುವ ಮನಸ್ಸಿದೆ. ಪಾಲಿಸಿದರೂ ಮುರಿದರೂ ಕೆಡುಕೇ ಆಗುವ ಪ್ರತಿಜ್ಞೆಯನ್ನು ಮುರಿಯುವುದೇ ಮೇಲಲ್ಲವೇ ಎಂಬುದು ಅವನ ಅಳಲು. ಅಣ್ಣ ಒಪ್ಪುವುದಿಲ್ಲ. ರಾತ್ರಿ ಕಾವಲುಗಾರರನ್ನು ಕೊಂದು ಇಬ್ಬರೂ ಹರಳುಗಳನ್ನು ಕದಿಯುತ್ತಾರೆ. ತಂದೆ ಮಾಡಿದ ಹರಳು ಮಗನ ಕೈಯನ್ನು ಸುಡುತ್ತದೆ. ಆ ಉರಿ ತಾಳಲಾರದೆ ಮೈದ್ರೋಸ್ ಹರಳಿನೊಂದಿಗೆ ಬೆಂಕಿಯ ಕಂದರಕ್ಕೆ ಹಾರುತ್ತಾನೆ. ಮ್ಯಾಗ್ಲೋರ್ ತನ್ನದನ್ನು ಕಡಲಿಗೆ ಎಸೆದು, ದಂಡೆಯಲ್ಲಿ ಹಾಡುತ್ತ ಅಲೆಯುತ್ತಾನೆ. ಬೆರೆನ್ ತಂದದ್ದು ಎಯರೆಂಡಿಲ್ ಎಂಬ ನಾವಿಕನ ಹಣೆಯ ಮೇಲೆ ಆಕಾಶ ಸೇರುತ್ತದೆ, ನಕ್ಷತ್ರವಾಗಿ. ಒಂದು ಬಾನಿನಲ್ಲಿ, ಒಂದು ನೆಲದಲ್ಲಿ, ಒಂದು ನೀರಿನಲ್ಲಿ. ಎಲ್ಲರೂ ನೋಡಬಹುದಾದದ್ದು ಬಾನಿನದು ಮಾತ್ರ, ಅದೂ ಯಾರ ಕೈಗೂ ಎಟುಕದ್ದರಿಂದ.

*

ಮಾಡಿದವನ ಹಕ್ಕಿನ ಪ್ರಶ್ನೆ ಈ ಪುಸ್ತಕದ ಹುಟ್ಟಿನಲ್ಲೂ ಇದೆ. ‘ದಿ ಹಾಬಿಟ್’ (1937) ಯಶಸ್ವಿಯಾದ ಮೇಲೆ ಟೋಲ್ಕಿನ್ ಸಿಲ್ಮರಿಲ್ ಕಥೆಗಳನ್ನು ಪ್ರಕಾಶಕರಿಗೆ ತೋರಿಸಿದರು, ಅವು ಸ್ವೀಕಾರವಾಗಲಿಲ್ಲ. ಮುಂದೆ ಅವಕಾಶ ಬಂದಾಗ ಅವರೇ ಮುಗಿಸಲಿಲ್ಲ. ತಿದ್ದಿದ್ದನ್ನೇ ತಿದ್ದಿದರು, ಶುರುಮಾಡಿದ್ದನ್ನು ಅರ್ಧಕ್ಕೆ ಬಿಟ್ಟರು. ಕೈಬಿಡಲಾರದ ಕರ್ತೃವಿನ ಕಥೆ ಬರೆದವರೇ ಅದನ್ನು ಕೈಬಿಡಲಾರದೆ ಹೋದರು. ಅವರ ಮರಣಾನಂತರ ಮಗ ಕ್ರಿಸ್ಟೋಫರ್ ಟೋಲ್ಕಿನ್, ಗೈ ಗೇವ್ರಿಯಲ್ ಕೇ ಅವರ ನೆರವಿನಿಂದ, ಪರಸ್ಪರ ಹೊಂದದ ಹಸ್ತಪ್ರತಿಗಳಿಂದ ಒಂದು ಅಖಂಡ ಪಠ್ಯ ಕಟ್ಟಿದರು. ಥಿಂಗೋಲ್ ಮತ್ತು ಡ್ವಾರ್ಫ್‌ಗಳ ಜಗಳದ ಅಧ್ಯಾಯಕ್ಕೆ ತಂದೆ ಬಿಟ್ಟುಹೋದ ಸಾಮಗ್ರಿ ಬಹಳ ಹಳೆಯದು, ಚದುರಿದ್ದು. ಹಾಗಾಗಿ ಅಲ್ಲಿ ಸಂಪಾದಕರೇ ಬಹಳಷ್ಟು ಕಟ್ಟಬೇಕಾಯಿತು. ಹಾರ ಯಾರದು, ಮಾಡಿದವರದೋ ಕೂರಿಸಿದವರದೋ ಎಂದು ಪಾತ್ರಗಳು ಜಗಳವಾಡುವ ಅಧ್ಯಾಯದಲ್ಲೇ ಬರಹ ಯಾರದು ಎಂಬ ಪ್ರಶ್ನೆಗೂ ಸರಳ ಉತ್ತರವಿಲ್ಲ.

ಕ್ರಿಸ್ಟೋಫರ್ ಅದನ್ನು ಮುಚ್ಚಿಡಲಿಲ್ಲ. 1983ರಿಂದ 1996ರವರೆಗೆ ಹನ್ನೆರಡು ಸಂಪುಟಗಳಲ್ಲಿ ತಂದೆಯ ಕರಡುಗಳನ್ನು ಓದುಗರ ಮುಂದೆ ಹರಡಿದರು. ಆ ಅಧ್ಯಾಯದಲ್ಲಿ ತಾವು ಸಂಪಾದಕನ ಎಲ್ಲೆ ಮೀರಿದ್ದೆವು ಎಂದು ತಾವೇ ಬರೆದುಕೊಂಡರು. ಸಂಶೋಧನೆ ಮಾಡುವ ನಮ್ಮಂಥವರಿಗೆ ಈ ಪ್ರಾಮಾಣಿಕತೆ ದೊಡ್ಡದು. ಒಂದು ಆಕರ, ಒಂದು ಹಸ್ತಪ್ರತಿಯ ನೆರಳಚ್ಚು, ಒಂದು ಹೊಸ ಒಳನೋಟ ಸಿಕ್ಕಾಗ ಬಚ್ಚಿಟ್ಟುಕೊಳ್ಳುವ ಆಸೆ ನಮ್ಮಲ್ಲಿ ಯಾರಿಗಿಲ್ಲ? ಬೆಳಕು ಬೇರೆಲ್ಲಿಂದಲೋ ಬಂದದ್ದು, ನಾವು ಮಾಡಿದ್ದು ಅದಕ್ಕೊಂದು ಒಡಲನ್ನು ಮಾತ್ರ ಎಂಬುದು ನಮಗೂ ನೆನಪಾಗುವುದು ಅಪರೂಪವೇ.

ಕೊನೆಗೆ ಇನ್ನೊಂದು ಸಣ್ಣ ಪ್ರಸಂಗ. ಗಲಾಡ್ರಿಯಲ್ ಎಂಬ ಎಲ್ಫ್ ರಾಣಿಯ ಕೂದಲಿನಲ್ಲಿ ಎರಡು ಮರಗಳ ಬೆಳಕು ಸಿಕ್ಕಿಕೊಂಡಂತಿತ್ತಂತೆ. ಸಿಲ್ಮರಿಲ್ ಮಾಡುವ ಯೋಚನೆ ಫೆಯನೋರ್‌ಗೆ ಹೊಳೆದದ್ದೇ ಅದನ್ನು ನೋಡಿ ಎಂಬ ಮಾತೂ ಇತ್ತಂತೆ. 1980ರಲ್ಲಿ ಪ್ರಕಟವಾದ ‘ಅನ್‌ಫಿನಿಶ್ಡ್ ಟೇಲ್ಸ್’ನಲ್ಲಿ ಈ ವಿವರವಿದೆ. ಫೆಯನೋರ್ ಮೂರು ಸಲ ಬೇಡಿದರೂ ಅವಳು ಒಂದೆಳೆ ಕೂದಲನ್ನೂ ಕೊಡಲಿಲ್ಲ. ಸಾವಿರಾರು ವರ್ಷಗಳ ನಂತರ, ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ನಲ್ಲಿ, ಗಿಮ್ಲಿ ಎಂಬ ಡ್ವಾರ್ಫ್ ಅವಳ ಮುಂದೆ ನಿಂತಿದ್ದಾನೆ. ನಿನಗೇನು ಉಡುಗೊರೆ ಬೇಕು ಎಂದು ಅವಳು ಕೇಳುತ್ತಾಳೆ. ಏನೂ ಬೇಡ, ನಿನ್ನನ್ನು ನೋಡಿದ್ದೇ ಸಾಕು ಎನ್ನುತ್ತಾನೆ. ಒತ್ತಾಯಿಸಿದಾಗ ತಡವರಿಸುತ್ತ, ನಾನು ಬೇಡುತ್ತಿಲ್ಲ, ಆಸೆ ಏನೆಂದು ಹೇಳು ಎಂದದ್ದಕ್ಕೆ ಹೇಳುತ್ತಿದ್ದೇನೆ ಎಂದು ಒಂದೆಳೆ ಕೂದಲಿನ ಹೆಸರೆತ್ತುತ್ತಾನೆ. ಅವಳು ಮೂರೆಳೆ ಕೊಡುತ್ತಾಳೆ.

ಅದನ್ನು ಏನು ಮಾಡುವೆ ಎಂದು ಅವಳು ಕೇಳಿದಾಗ ಗಿಮ್ಲಿ ಹೇಳುವುದಿದು: ಊರಿಗೆ ಮರಳಿದರೆ ಅಳಿವಿಲ್ಲದ ಒಂದು ಹರಳಿನಲ್ಲಿ ಅದನ್ನು ಕೂರಿಸುತ್ತೇನೆ, ಅದು ನಮ್ಮ ಬೆಟ್ಟಕ್ಕೂ ನಿಮ್ಮ ಕಾಡಿಗೂ ನಡುವಿನ ಸ್ನೇಹದ ಗುರುತಾಗಿ ಉಳಿಯಲಿ. ಮತ್ತೆ ಒಬ್ಬ ಕುಶಲಕರ್ಮಿ, ಮತ್ತೆ ಹರಳು, ಒಳಗೆ ಅದೇ ಮರಗಳ ಬೆಳಕಿನ ಮೂರೆಳೆ. ಈ ಸಲ ಬೆಳಕು ಯಾರದೆಂಬುದು ಮಾಡುವವನಿಗೆ ಗೊತ್ತಿದೆ.